ಅಧ್ಯಕ್ಷರಿಲ್ಲದ ಜೀಪ್ ಸ್ಟ್ಯಾಂಡು

ಏಕಾಂತಪ್ಪನಿಗೆ ಆ ಹೆಸರಿಟ್ಟವರು ಯಾರೋ, ಅವನ ಸ್ವಭಾವ ನೋಡಿ ಇಟ್ಟವರಂತೂ ಅಲ್ಲ. ಕಳಸದ ಪೇಟೆಯಲ್ಲಿ ಅವನು ಒಬ್ಬನೇ ಕೂತಿದ್ದನ್ನು ಕಂಡವರಿಲ್ಲ. ಜೀಪಿನ ಹಿಂದೆ ಹಿಡಿಸಲಾರದಷ್ಟು ಜನ, ಮೆಟ್ಟಿಲ ಮೇಲೆ ನೇತಾಡುವ ಇಬ್ಬರು, ಬಾನೆಟ್ಟಿನ ಮೇಲೊಂದು ಬಾಳೆಗೊನೆ, ಪಕ್ಕದಲ್ಲಿ ಗೇರು ಬದಲಾಯಿಸಿದಾಗಲೆಲ್ಲ ಮೊಣಕಾಲು ಸರಿಸಬೇಕಾದ ಯಾರೋ ಒಬ್ಬ ದಪ್ಪನೆಯ ಮನುಷ್ಯ. ಇಷ್ಟು ದೊಡ್ಡ ಸಂಸಾರವನ್ನು ಹೇರಿಕೊಂಡು, ತಾನು ಅರ್ಧ ಸೀಟಿನ ಮೇಲೆ ಓರೆಯಾಗಿ ಕೂತು, ಮರಸಣಿಗೆ ಹಳ್ಳಿಯ ಏರು ಹತ್ತಿಸುತ್ತ ಊರ ಸುದ್ದಿ ಹೇಳುತ್ತಿದ್ದ.

ಅವನು ಹುಟ್ಟಿದ್ದು ಮೂಡಿಗೆರೆಯಲ್ಲಿ. ಅಪ್ಪನ ದಿನಸಿ ಅಂಗಡಿ ಇತ್ತು. ಅಪ್ಪ ಹೋದಮೇಲೆ ಅಣ್ಣ ಪರಮೇಶ್ವರಪ್ಪನದೇ ದರಬಾರು. ಬೆಲ್ಲದ ಅಚ್ಚನ್ನು ಯಾವ ಕೈಯಲ್ಲಿ ಹಿಡಿಯಬೇಕು, ಪೊಟ್ಟಣಕ್ಕೆ ದಾರ ಎಷ್ಟು ಸುತ್ತಬೇಕು, ಗಿರಾಕಿಯನ್ನು ಕಂಡು ಎಷ್ಟು ನಗಬೇಕು, ಎಲ್ಲಕ್ಕೂ ಅಣ್ಣನ ಅಪ್ಪಣೆ ಬೇಕು. ಒಂದು ಮಧ್ಯಾಹ್ನ ಯಾರೋ ಗಿರಾಕಿ ಆಕಾಶ ನೋಡುತ್ತ, "ಇವತ್ತು ಮಳೆ ಬರ್ತದೇನಪ್ಪ?" ಎಂದು ಕೇಳಿದರು. "ತಡೀರಿ, ಅಣ್ಣನ್ನ ಕೇಳಿ ಹೇಳ್ತೀನಿ," ಎಂದ ಏಕಾಂತಪ್ಪ. ಅಂಗಡಿಯೆಲ್ಲ ನಕ್ಕಿತು, ಅಣ್ಣನೊಬ್ಬನನ್ನು ಬಿಟ್ಟು. ಆ ವಾರವೇ ಏಕಾಂತಪ್ಪ ಅಂಗಡಿ ಬಿಟ್ಟ. ಡ್ರೈವಿಂಗ್ ಕಲಿತ, ಯಾರ್ಯಾರದೋ ಜೀಪು ಓಡಿಸಿದ, ಕೊನೆಗೆ ಹಳೆಯದೊಂದು ಜೀಪು ಕೊಂಡು ಕಳಸಕ್ಕೆ ಬಂದು ನಿಂತ. ಸರ್ವಮಂಗಳಾ ಎಂಬ ಹುಡುಗಿಯನ್ನು ಮದುವೆಯಾದ. ಅವಳು ಮನೆಯ ಜಗಲಿಯಲ್ಲಿ ಹೊಲಿಗೆ ಮೆಷಿನ್ ಇಟ್ಟುಕೊಂಡು ಅರ್ಧ ಪೇಟೆಯ ರವಿಕೆ ಹೊಲಿಯುತ್ತಿದ್ದಳು.

ತೊಂಬತ್ತರ ದಶಕದ ಮೊದಲಲ್ಲಿ ಕಳಸದ ಜೀಪ್ ಸ್ಟ್ಯಾಂಡ್ ಎಂದರೆ ಬಸ್ ನಿಲ್ದಾಣದ ಪಕ್ಕದ ಒಂದು ಇಳಿಜಾರು. ಬಸ್ಸು ಹೋಗದ ಹಳ್ಳಿಗಳಿಗೆಲ್ಲ ಜೀಪೇ ಗತಿ. ಸಂತೆಗೆ ಬಂದವರು, ಆಸ್ಪತ್ರೆಗೆ ಬಂದವರು, ಗೊಬ್ಬರದ ಚೀಲ ಹೊತ್ತವರು, ನೆಂಟರ ಮನೆಗೆ ಹೊರಟವರು, ಎಲ್ಲ ಅಲ್ಲಿಗೇ ಬರಬೇಕು. ಯಾರ ಜೀಪು ಮೊದಲು ಹೊರಡಬೇಕು ಎಂಬುದಕ್ಕೆ ದಿನಾ ಜಗಳ. ಎರಡು ಜೀಪಿನವರು ಒಂದೇ ಅಜ್ಜಿಯ ಎರಡು ಕೈ ಹಿಡಿದು ಎಳೆದದ್ದೂ ಉಂಟು.

ಈ ಗಲಾಟೆ ನೋಡಿ ಮುಂದೆ ಬಂದವನು ರುದ್ರಪ್ಪ. ಮರದ ಕಂಟ್ರಾಕ್ಟರ್, ಎರಡು ಜೀಪಿನ ಮಾಲೀಕ, ಎಲ್ಲ ಪಕ್ಷದವರ ಜೊತೆಗೂ ಫೋಟೋ ತೆಗೆಸಿಕೊಂಡವನು. ಚಾಲಕರ ಸಂಘ ಎಂದು ಒಂದು ಬೋರ್ಡು ಬರೆಸಿದ. ಸಂಘದ ಹೆಸರು ಸಣ್ಣಕ್ಷರದಲ್ಲಿ, ಅಧ್ಯಕ್ಷ ರುದ್ರಪ್ಪನ ಹೆಸರು ದೊಡ್ಡಕ್ಷರದಲ್ಲಿ. ಬೋರ್ಡಿನ ಕೆಳಗೆ ದೊಡ್ಡದೊಂದು ಛತ್ರಿ, ಛತ್ರಿಯ ಕೆಳಗೆ ಕೆಂಪು ಪ್ಲಾಸ್ಟಿಕ್ ಕುರ್ಚಿ. ಅಲ್ಲಿ ಕೂತು ಬೆರಳು ತೋರಿಸಿದ ಜೀಪು ಹೊರಡಬೇಕು.

ನಿಜ ಹೇಳಬೇಕೆಂದರೆ ಮೊದಮೊದಲು ಎಲ್ಲರಿಗೂ ಖುಷಿಯಾಯಿತು. ಜಗಳ ನಿಂತಿತು. ಏಕಾಂತಪ್ಪನೂ ಬೆಳಿಗ್ಗೆ ಹೋಗಿ ನಮಸ್ಕಾರ ಹೇಳುತ್ತಿದ್ದ. ಆಮೇಲೆ ನಿಧಾನವಾಗಿ ಗೊತ್ತಾಯಿತು, ಗಟ್ಟಿಯಾಗಿ ನಮಸ್ಕಾರ ಹೇಳಿದವನ ಜೀಪು ಬೇಗ ಹೊರಡುತ್ತದೆ. ಟೀ ತಂದುಕೊಟ್ಟವನದು ಇನ್ನೂ ಬೇಗ. ರುದ್ರಪ್ಪನ ಭಾವಮೈದ ನಿದ್ದೆ ಮುಗಿಸಿ ಹತ್ತು ಗಂಟೆಗೆ ಬಂದರೂ ಅವನದೇ ಮೊದಲ ಟ್ರಿಪ್ಪು.

ಒಂದು ಸಂತೆಯ ದಿನ ಏಕಾಂತಪ್ಪನ ಜೀಪು ತುಂಬಿತ್ತು. ಹಿಂದೆ ಕಾಲಿಡಲು ಜಾಗವಿಲ್ಲದಂತೆ ಜನ, ನಡುವೆ ಮಡಿಲಲ್ಲಿ ಕೋಳಿ ಇಟ್ಟುಕೊಂಡ ಒಬ್ಬ ಅಜ್ಜಿ. ಇನ್ನೇನು ಹೊರಡಬೇಕು, ರುದ್ರಪ್ಪ ಕೂತಲ್ಲಿಂದಲೇ ಕೂಗಿದ.

"ಏ ಏಕಾಂತಪ್ಪ, ಅವರನ್ನ ಇಳಿಸು. ನಮ್ಮ ಭಾವಮೈದನ ಗಾಡಿ ಖಾಲಿ ಇದೆ, ಅದಕ್ಕೆ ಹತ್ತಿಸು."

"ಕೂತಿದ್ದಾರಲ್ಲ ರುದ್ರಪ್ನೋರೆ, ಮತ್ತೆ ಇಳಿಸೂದು ಎಂತಕ್ಕೆ?"

"ಅಧ್ಯಕ್ಷ ಹೇಳಿದ ಮೇಲೆ ಎಂತಕ್ಕೆ ಅಂತ ಕೇಳೂದುಂಟಾ?"

ಕೋಳಿಯ ಅಜ್ಜಿಯೇ ತಲೆ ಹೊರಗೆ ಹಾಕಿ, "ನಾ ಇಳಿಯಲ್ಲ. ನನ್ನ ಸೊಂಟ ಒಂದ್ಸಲ ಮಡಚಿದ್ರೆ ಊರಿಗೆ ಹೋಗೇ ಬಿಚ್ಚೂದು," ಎಂದಳು. ಹಿಂದಿದ್ದವರೆಲ್ಲ ನಕ್ಕರು. ಆ ನಗುವಿನ ನಡುವೆ ಏಕಾಂತಪ್ಪ ಜೀಪು ಚಾಲೂ ಮಾಡಿ ಹೊರಟುಬಿಟ್ಟ.

ಮರುದಿನ ಅವನಿಗೆ ದಿನವಿಡೀ ಸರದಿ ಸಿಗಲಿಲ್ಲ. ಅದರ ಮರುದಿನವೂ ಅಷ್ಟೇ. ಸ್ನೇಹಿತರು, "ಹೋಗಿ ತಪ್ಪಾಯ್ತು ಅನ್ನು ಮಾರಾಯ," ಎಂದರು. ಕೆಲವರು, "ಕುರ್ಚಿ ಎತ್ತಿ ಬಿಸಾಕೋಣ, ನೀನು ಮುಂದೆ ನಿಲ್ಲು," ಎಂದರು. ಏಕಾಂತಪ್ಪನಿಗೆ ಎರಡೂ ಬೇಡವಾಗಿತ್ತು. ಅವನು ಮೂರನೆಯ ದಾರಿ ಹಿಡಿದ. ಪೇಟೆಯ ಇನ್ನೊಂದು ತುದಿಯಲ್ಲಿ ಕೆಂಪಯ್ಯನ ಹಿಟ್ಟಿನ ಗಿರಣಿ ಇತ್ತು, ಅದರೆದುರು ಖಾಲಿ ಜಾಗ. ಕೆಂಪಯ್ಯನನ್ನು ಕೇಳಿ ಜೀಪನ್ನು ಅಲ್ಲಿಗೆ ಒಯ್ದು ನಿಲ್ಲಿಸಿದ. ಅಷ್ಟೇ. ಕೂಗಾಟವಿಲ್ಲ, ಧಿಕ್ಕಾರವಿಲ್ಲ.

ಎರಡು ದಿನ ಅವನು, ಕೆಂಪಯ್ಯ ಮತ್ತು ಹಿಟ್ಟಿನ ಧೂಳು, ಮೂವರೇ. ಮೂರನೆಯ ದಿನ ಕೋಳಿಯ ಅಜ್ಜಿ ಕೇಳಿಕೊಂಡು ಬಂದಳು. ಅವಳ ಹಿಂದೆ ಮರಸಣಿಗೆಯ ನಾಲ್ಕೈದು ಜನ. ಆಮೇಲೆ ಎಲ್ಲ ಡ್ರೈವರುಗಳಿಗಿಂತ ಹಿರಿಯನಾದ ಸುಬ್ಬಣ್ಣ ತನ್ನ ಜೀಪು ತಂದ. "ಅಲ್ಲಿ ಬೆಳಿಗ್ಗೆಯಿಂದ ನಮಸ್ಕಾರ ಹೊಡ್ದು ಹೊಡ್ದು ಭುಜ ನೋವು ಮಾರಾಯ," ಎಂದ. ಹೀಗೆ ಒಬ್ಬೊಬ್ಬರಾಗಿ ಬಂದರು. ಜೀಪು ಎಲ್ಲಿದೆಯೋ ಜನ ಅಲ್ಲಿಗೆ ಬರುತ್ತಾರೆ. ಒಂದು ತಿಂಗಳಾಗುವಾಗ ಹಳೆಯ ಸ್ಟ್ಯಾಂಡಿನಲ್ಲಿ ಉಳಿದದ್ದು ಬೋರ್ಡು, ಛತ್ರಿ, ರುದ್ರಪ್ಪ, ಮತ್ತು ಅವನದೇ ಎರಡು ಜೀಪು. ಕೆಂಪಯ್ಯನಿಗಂತೂ ಹಬ್ಬ. ಜೀಪಿಗೆ ಕಾಯುವವರು ಹೇಗೂ ಬಂದಿದ್ದೇವಲ್ಲ ಎಂದು ಅಕ್ಕಿ ಬೀಸಿಸಿಕೊಳ್ಳತೊಡಗಿದರು.

ರುದ್ರಪ್ಪ ಒಂದು ದಿನ ಗಿರಣಿಯ ಹತ್ತಿರ ಬಂದು ಏಕಾಂತಪ್ಪನನ್ನು ಪಕ್ಕಕ್ಕೆ ಕರೆದ. ಸಿಟ್ಟಿಗಿಂತ ಹೆಚ್ಚಾಗಿ ಕುತೂಹಲವಿತ್ತು ಅವನಿಗೆ.

"ಸರಿ ಮಾರಾಯ, ನೀನೇ ಅಧ್ಯಕ್ಷ ಆಗ್ಬೇಕಂತ ತಾನೇ ಇದೆಲ್ಲ? ಬಾಯಿಬಿಟ್ಟು ಹೇಳಿದ್ರೆ ಉಪಾಧ್ಯಕ್ಷ ಮಾಡ್ತಿದ್ದೆ."

"ಇಲ್ಲ ರುದ್ರಪ್ನೋರೆ, ನಂಗೆ ಅದೆಲ್ಲ ಬೇಡ."

"ಮತ್ತೆ ಎಂತ ಬೇಕು?"

"ಬೆಳಿಗ್ಗೆ ಬೇಗ ಬಂದ್ರೆ ಬೇಗ ಹೋಗ್ಬೇಕು. ಅಷ್ಟೇ."

ರುದ್ರಪ್ಪ ನಂಬಲಿಲ್ಲ. ಇದರ ಹಿಂದೆ ಯಾವುದೋ ದೊಡ್ಡ ಲೆಕ್ಕಾಚಾರ ಇದೆ ಎಂದು ಕೊನೆಯವರೆಗೂ ಹೇಳುತ್ತಿದ್ದ. ಮುಂದಿನ ವರ್ಷ ಜೀಪುಗಳನ್ನು ಮಾರಿ ಪೂರ್ತಿ ಮರದ ವ್ಯಾಪಾರಕ್ಕೇ ಹೋದ.

ಇನ್ನು ಉಳಿದ ಡ್ರೈವರುಗಳು. ಅವರೂ ಅದನ್ನೇ ಕೇಳಿದರು. ಒಂದು ಸಂಜೆ ಎಲ್ಲರೂ ಸೇರಿ, "ನೀನೇ ಅಧ್ಯಕ್ಷ, ಮಾತು ಮುಗೀತು," ಎಂದರು. ಒಬ್ಬನು ಎಲ್ಲಿಂದಲೋ ಒಂದು ಮರದ ಕುರ್ಚಿಯನ್ನೂ ಹೊತ್ತು ತಂದಿದ್ದ.

"ಬೇಡ. ಕುರ್ಚಿ ಇಟ್ರೆ ಯಾರಾದ್ರೂ ಒಬ್ಬ ಕೂರ್ತಾನೆ," ಎಂದ ಏಕಾಂತಪ್ಪ. "ಕೂತವನಿಗೆ ಭಾವಮೈದ ಇರ್ತಾನೆ. ನಂಗೂ ಇಬ್ರಿದ್ದಾರೆ."

"ಮತ್ತೆ ಜಗಳ ಆದ್ರೆ ಯಾರು ಬಿಡಿಸೂದು?"

"ಜಗಳ ಆಡ್ದೆ ಇರೋರೆಲ್ಲ."

ಆ ಕುರ್ಚಿಯನ್ನು ಕೆಂಪಯ್ಯ ಗಿರಣಿಯೊಳಕ್ಕೆ ಒಯ್ದು ಜರಡಿ ಇಡಲು ಬಳಸಿಕೊಂಡ. ಗಿರಣಿಯ ಕಟ್ಟೆಯ ಮೇಲೆ ಟೀ ಕುಡಿಯುತ್ತ ಐದು ಮಾತು ಗೊತ್ತುಮಾಡಿಕೊಂಡರು. ಬಂದ ಕ್ರಮದಲ್ಲಿ ನಿಲ್ಲುವುದು. ತುಂಬಿದರೆ ಹೊರಡುವುದು. ಕಾಯಿಲೆಯವರು ಬಂದರೆ ಸರದಿ ನೋಡದೆ ಯಾವ ಜೀಪು ಸಿದ್ಧವಿದೆಯೋ ಅದು ಹೋಗುವುದು. ತಕರಾರಿದ್ದರೆ ಅವತ್ತು ಸಂಜೆಯೇ, ಅದೇ ಕಟ್ಟೆಯ ಮೇಲೆ, ಎಲ್ಲರ ಎದುರು ಆಡುವುದು. ಏನಾದರೂ ಹೊಸದು ಬೇಕಾದರೆ ಬೇಡ ಎನ್ನುವವನ ಮಾತು ಪೂರ್ತಿ ಕೇಳಿಯೇ ಮುಂದುವರಿಯುವುದು.

ಈ ಸಂಗತಿಗೆ ಒಂದು ಹೆಸರಿದೆ ಎಂದು ಅವನಿಗೆ ಹೇಳಿದವರು ಗಣಪಯ್ಯನವರು. ಚಿಕ್ಕಮಗಳೂರಿನ ಕಾಲೇಜಿನಲ್ಲಿ ರಾಜ್ಯಶಾಸ್ತ್ರ ಪಾಠ ಮಾಡಿ ನಿವೃತ್ತರಾಗಿ, ಮರಸಣಿಗೆಯ ಹತ್ತಿರ ಅಣ್ಣತಮ್ಮಂದಿರ ತೋಟದ ಮನೆಗೆ ಬಂದಿದ್ದರು. ಪೇಪರ್ ತರಲು ದಿನಾ ಕಳಸಕ್ಕೆ ಜೀಪಿನಲ್ಲಿ ಓಡಾಟ. ಊರವರೆಲ್ಲ ಅವರನ್ನು ಮೇಷ್ಟ್ರು ಎಂದೇ ಕರೆಯುತ್ತಿದ್ದರು. ಒಂದು ಬೆಳಿಗ್ಗೆ ಪಕ್ಕದಲ್ಲಿ ಕೂತು, ಗೇರಿಗೆ ಅಡ್ಡವಾಗದಂತೆ ಪಂಚೆ ಎತ್ತಿಕೊಳ್ಳುತ್ತ, "ಏಕಾಂತಪ್ಪ, ನೀನು ಅರಾಜಕತಾವಾದಿ ಮಾರಾಯ," ಎಂದರು.

ಏಕಾಂತಪ್ಪ ಗಕ್ಕನೆ ಬ್ರೇಕು ಒತ್ತಿದ. "ಎಂತ ಮೇಷ್ಟ್ರೇ, ಬೆಳಿಗ್ಗೆ ಬೆಳಿಗ್ಗೆ ಬೈತೀರಿ? ಬಸ್ಸಿಗೆ ಕಲ್ಲು ಹೊಡ್ದಾಗ ಪೇಪರಲ್ಲಿ ಬರೀತಾರಲ್ಲ, ಅರಾಜಕತೆ ಅಂತ?"

"ಅದು ಪೇಪರಿನವರ ಅರ್ಥ. ಇದು ಬೇರೆ. ನೂರು ನೂರೈವತ್ತು ವರ್ಷದ ಹಿಂದೆ ಯುರೋಪು, ರಷ್ಯಾ ಕಡೆ ಇದನ್ನೇ ತಲೆಕೆಡಿಸಿಕೊಂಡು ಯೋಚಿಸಿದವರಿದ್ದರು. ರಾಜವಂಶದಲ್ಲೇ ಹುಟ್ಟಿ ಅದನ್ನ ಬಿಟ್ಟು ಬಂದವನೂ ಒಬ್ಬನಿದ್ದ. ಅಧಿಕಾರ ಒಂದೇ ಕಡೆ ರಾಶಿ ಬಿದ್ದರೆ ಕೊಳೀತದೆ ಅಂತ ಅವರ ವಾದ. ರಾಜನ ಹತ್ತಿರ ಆಗಲಿ, ಫ್ಯಾಕ್ಟರಿ ಧಣಿ ಹತ್ತಿರ ಆಗಲಿ, ಕ್ರಾಂತಿ ಮಾಡ್ತೀನಿ ಅಂತ ಬಂದ ಪಕ್ಷದ ಹತ್ತಿರ ಆಗಲಿ. ಒಳ್ಳೆಯವನನ್ನ ಹುಡುಕಿ ಕೂರಿಸಿದರೂ ಅಷ್ಟೇ."

"ನಮ್ಮಲ್ಲಿ ರೂಲ್ಸ್ ಉಂಟಲ್ಲ ಮೇಷ್ಟ್ರೇ? ಸರದಿ ತಪ್ಪಿದ್ರೆ ನಾವೇ ಬಿಡಲ್ಲ."

"ನಿಯಮ ಬೇಡ ಅಂದವರಲ್ಲ ಅವರು. ನಿಯಾಮಕ ಬೇಡ ಅಂದವರು."

ಹಿಂದಿನಿಂದ ಯಾರೋ, "ಹಂಗಾರೆ ಕರೆಂಟ್ ಬಿಲ್ಲು ಯಾರಿಗೆ ಕಟ್ಟೂದು ಮೇಷ್ಟ್ರೇ?" ಎಂದರು. ಜೀಪೆಲ್ಲ ಗೊಳ್ಳೆಂದಿತು. ಏಕಾಂತಪ್ಪ ನಗುತ್ತಲೇ ಕೇಳಿದ, "ಅದು ತಮಾಷೆ ಅಲ್ಲ ಮೇಷ್ಟ್ರೇ. ದೊಡ್ಡ ಸೇತುವೆ ಕಟ್ಟೂದಿದ್ರೆ? ಕತ್ತಿ ಹಿಡ್ಕಂಡು ಕಳ್ಳ ಬಂದ್ರೆ? ಜೀಪ್ ಸ್ಟ್ಯಾಂಡಲ್ಲಿ ನಡೆದದ್ದು ಇಡೀ ದೇಶದಲ್ಲಿ ನಡೀತದಾ?"

ಗಣಪಯ್ಯನವರು ಜಾರಿದ ಪಂಚೆಯನ್ನು ಮತ್ತೆ ಎತ್ತಿಕೊಂಡರು. "ಅಲ್ಲಿಗೆ ಬಂದಾಗ ನಂಗೂ ಗೊತ್ತಾಗೂದಿಲ್ಲ ಮಾರಾಯ. ಅವರವರಲ್ಲೇ ಅದಕ್ಕೆ ಜಗಳ ಇತ್ತು. ಮೂವತ್ತು ವರ್ಷ ಪಾಠ ಮಾಡಿದೆ, ಪರೀಕ್ಷೆಯಲ್ಲಿ ಐದು ಮಾರ್ಕಿನ ಟಿಪ್ಪಣಿ ಅಂತ ಬರೆಸಿದೆ. ನಡೆಯೋದನ್ನ ನೋಡ್ತಾ ಇರೋದು ಈಗಲೇ."

ಅಂದಿನಿಂದ ಮರಸಣಿಗೆಯ ದಾರಿಯಲ್ಲಿ ಈ ಚರ್ಚೆ ಆಗಾಗ ನಡೆಯುತ್ತಿತ್ತು. ಕಾಫಿ ರೇಟು, ಮಳೆ, ಮಗಳ ಮದುವೆ, ಅರಾಜಕತಾವಾದ, ಮತ್ತೆ ಕಾಫಿ ರೇಟು. ಸರ್ಕಾರವೇ ಇಲ್ಲದಿದ್ದರೆ ಕಾಫಿ ಮಾರುವುದು ಹೇಗೆ ಎಂದು ಒಬ್ಬರು ಕೇಳಿದರೆ, ಕಾಫಿ ಕೊಳ್ಳುವುದನ್ನು ಸರ್ಕಾರ ಕೈ ಬಿಟ್ಟ ಮೇಲೇ ರೇಟು ಬಂದದ್ದು ಎಂದು ಇನ್ನೊಬ್ಬರು ಹೇಳುತ್ತಿದ್ದರು. ಹಾಗೆಂದವರೇ ಕೆಲವು ವರ್ಷದ ಮೇಲೆ ರೇಟು ಬಿದ್ದಾಗ ಸರ್ಕಾರ ಎಲ್ಲಿ ಸತ್ತಿದೆ ಎಂದು ಬೈದರು.

ಸ್ಟ್ಯಾಂಡು ಚೆನ್ನಾಗಿಯೇ ನಡೆಯುತ್ತಿತ್ತು. ಕಷ್ಟ ಬಂದದ್ದು ಬೇರೆ ಬಾಗಿಲಿನಿಂದ.

ವಿಘ್ನೇಶ ಎಂಬ ಹೊಸ ಡ್ರೈವರ್ ಬಂದಿದ್ದ. ಇಪ್ಪತ್ತೈದರ ಹುರುಪು, ಜೀಪಿಗೆ ಬಣ್ಣ ಬಣ್ಣದ ಲೈಟು. ಸರದಿಯಲ್ಲಿ ನಿಲ್ಲುವ ಬದಲು ಪೇಟೆಯ ತಿರುವಿನಲ್ಲೇ ಕಾದು, ಸ್ಟ್ಯಾಂಡಿಗೆ ಬರುತ್ತಿದ್ದ ಜನರನ್ನು ಹತ್ತಿಸಿಕೊಂಡು ಹೋಗಿಬಿಡುತ್ತಿದ್ದ. ಉಳಿದವರಿಗೆ ಉರಿಯಿತು. ಕಟ್ಟೆಯ ಮೇಲೆ ಎಲ್ಲರೂ ಸೇರಿ ಮಾತಾಡಬೇಕಿತ್ತು. ಆದರೆ ಅವರು ಏಕಾಂತಪ್ಪನ ಮನೆಗೆ ಬಂದರು. ಅದೇ ಸುಲಭ ಎಂದು ಅಭ್ಯಾಸವಾಗಿಬಿಟ್ಟಿತ್ತು. ಏಕಾಂತಪ್ಪ ಜಗಲಿಯಲ್ಲಿ ಕೂತು ಕೇಳಿದ, ತಲೆಯಾಡಿಸಿದ, "ಒಂದು ವಾರ ಅವ್ನು ಸ್ಟ್ಯಾಂಡಿಗೆ ಬರೂದು ಬೇಡ ಅಂತ ಹೇಳಿ," ಎಂದ. ವಿಘ್ನೇಶ ಎದುರಾಡಲಿಲ್ಲ. ಮರುದಿನದಿಂದ ಅವನ ಜೀಪು ಮನೆಯೆದುರೇ ನಿಂತಿತು.

ಸರ್ವಮಂಗಳಾ ಮೆಷಿನ್ ತುಳಿಯುತ್ತ ಎಲ್ಲ ನೋಡಿದ್ದಳು. ನಾಲ್ಕು ದಿನ ಕಳೆದ ಮೇಲೆ ಒಂದು ಸಂಜೆ ಬಾಯಲ್ಲಿದ್ದ ದಾರ ಕಡಿದು, "ರವಿಕೆಗೆ ಕಾಯೋರಿಗೆ ಹಾಕಿದ ಬೆಂಚು ಇದು," ಎಂದಳು. "ಈಗ ಅರ್ಧ ಬೆಂಚು ನಿಮ್ಮ ತೀರ್ಪಿಗೆ ಕಾಯೋರದ್ದೇ ಆಯ್ತು. ಮೊನ್ನೆ ಸಂಸೆ ಊರಿನ ಹೆಂಗಸರು ನಿಂತೇ ಇದ್ರು, ಗೊತ್ತಾ?"

"ಅವ್ರು ಬಂದ್ರೆ ನಾನೆಂತ ಮಾಡ್ಲಿ ಮಂಗಳಾ?"

"ಬಂದ್ರು, ನಿಜ. ಹೇಳಿದ್ದು ನೀವು. ಒಂದು ವಾರ ಅಂದ್ರಿ, ಆ ಹುಡುಗ ಕೂತ. ರುದ್ರಪ್ಪನ ಕುರ್ಚಿಯಾದ್ರೂ ಎಲ್ಲರಿಗೂ ಕಾಣ್ತಿತ್ತು. ನಿಮ್ಮದು ಕಾಣೂದೂ ಇಲ್ಲ, ಎತ್ತಿ ಬಿಸಾಕೋಣ ಅಂದ್ರೆ ಕೈಗೂ ಸಿಗೂದಿಲ್ಲ."

ಏಕಾಂತಪ್ಪನನ್ನು ಚುಚ್ಚಿದ್ದು ಹೆಂಡತಿಯ ಮಾತಿಗಿಂತ ಹೆಚ್ಚಾಗಿ, ವಿಘ್ನೇಶ ಮಾತು ಕೇಳಿದನೆಂದು ತಿಳಿದಾಗ ತನಗೆ ಒಳಗೊಳಗೇ ಆದ ಖುಷಿ. ಆ ಖುಷಿ ಎಂಥದೆಂದು ಅವನಿಗೆ ಗೊತ್ತಿತ್ತು. ಮೂಡಿಗೆರೆಯ ಅಂಗಡಿಯಲ್ಲಿ ಅಣ್ಣನ ಮುಖದ ಮೇಲೆ ಅದನ್ನು ವರ್ಷಗಟ್ಟಲೆ ನೋಡಿದ್ದ.

ಬೆಳಿಗ್ಗೆ ವಿಘ್ನೇಶನ ಮನೆಗೆ ಹೋದ. ಹುಡುಗ ಗಾಬರಿಯಾಗಿ ಎದ್ದು ನಿಂತ. "ಏಕಾಂತಣ್ಣ, ಇನ್ನೂ ಎರಡು ದಿನ ಉಂಟಲ್ಲ? ಈಗಲೇ ಬರ್ಲಾ?"

"ಬಾ ಅನ್ನೋಕೆ ನಾನ್ಯಾರು ಮಾರಾಯ? ಬರಬೇಡ ಅನ್ನೋಕೂ ನಾನ್ಯಾರೂ ಆಗಿರಲಿಲ್ಲ. ಸಂಜೆ ಕಟ್ಟೆ ಹತ್ರ ಹೋಗಿ ಅವರ ಹತ್ರ ನೀನೇ ಮಾತಾಡು."

"ನೀವೂ ಇರ್ತೀರಲ್ಲ?"

"ನಾನಿರಲ್ಲ."

ನಿಜವಾಗಿಯೂ ಇರಲಿಲ್ಲ. ಮಲ್ಲಂದೂರಿನ ಒಂದು ಕಾಫಿ ಎಸ್ಟೇಟಿನಲ್ಲಿ ಹಣ್ಣು ಕೊಯ್ಲಿನ ಕಾಲಕ್ಕೆ ಜೀಪು ಬೇಕಾಗಿತ್ತು. ಸರ್ವಮಂಗಳಾ ಹೋಗಿಬನ್ನಿ ಎಂದಳು. ಏಕಾಂತಪ್ಪ ಒಂದು ಸೀಸನ್ ಪೂರ್ತಿ ಅಲ್ಲೇ ದುಡಿದ, ವಾರಕ್ಕೊಮ್ಮೆ ಮನೆಗೆ ಬಂದರೂ ಗಿರಣಿಯ ಕಡೆ ತಲೆ ಹಾಕಲಿಲ್ಲ.

ಆ ಎಸ್ಟೇಟಿನ ಕಥೆಗಳನ್ನು ಅವನು ಆಮೇಲೆ ಎಷ್ಟೋ ವರ್ಷ ಹೇಳಿ ನಗಿಸುತ್ತಿದ್ದ. ಕೆಲಸದವರ ಮೇಲೆ ಮೇಸ್ತ್ರಿ, ಮೇಸ್ತ್ರಿಯ ಮೇಲೆ ಲೆಕ್ಕ ಬರೆಯುವ ರೈಟರು, ರೈಟರ ಮೇಲೆ ಮ್ಯಾನೇಜರು, ಮ್ಯಾನೇಜರ ಮೇಲೆ ಬೆಂಗಳೂರಿನಲ್ಲಿರುವ ಸಾಹುಕಾರರು. ಒಮ್ಮೆ ತೋಟದ ನಡುವೆ ಜೀಪಿನ ಟೈರು ಪಂಕ್ಚರ್ ಆಯಿತು. ಹಿಂದೆ ಕಾಫಿ ಹಣ್ಣಿನ ಚೀಲ. ಚೀಲ ಇಳಿಸಿ ಟೈರು ಬದಲಿಸೋಣ ಎಂದರೆ ಮೇಸ್ತ್ರಿ, "ಇಳಿಸಬಹುದಾ ಅಂತ ರೈಟರನ್ನ ಕೇಳ್ಬೇಕು," ಎಂದ. ರೈಟರು ಮ್ಯಾನೇಜರನ್ನು ಕೇಳಬೇಕು ಎಂದರು. ಮ್ಯಾನೇಜರು ಫೋನು ಹುಡುಕಲು ಬಂಗಲೆಗೆ ಹೋದರು. ಅಷ್ಟರಲ್ಲಿ ಹಣ್ಣು ಕೊಯ್ಯುತ್ತಿದ್ದ ಹೆಂಗಸರು ಬಂದು, ಒಂದು ಮಾತೂ ಆಡದೆ ಚೀಲ ಇಳಿಸಿ, ಟೈರು ಬದಲಿಸಿದ ಮೇಲೆ ಮತ್ತೆ ಏರಿಸಿ ಹೋದರು. ಸಂಜೆ ಅಪ್ಪಣೆ ಬಂತು: ಚೀಲ ಇಳಿಸಬಹುದು.

ಸೀಸನ್ ಮುಗಿಸಿ ಕಳಸಕ್ಕೆ ಮರಳಿದ ದಿನ ಏಕಾಂತಪ್ಪ ಬೆಳಿಗ್ಗೆ ಬೇಗ ಎದ್ದು ಜೀಪು ತೊಳೆದ. ತಾನಿಲ್ಲದೆ ಅಲ್ಲಿ ಏನೇನು ಗೋಳಾಗಿದೆಯೋ ಎಂದು ಸಣ್ಣ ಆಸೆಯೂ ಇತ್ತು. ಗಿರಣಿಯ ಮುಂದೆ ಹೋದರೆ ಸಾಲು ಒಂದರ ಬದಲು ಎರಡಿದೆ. ದೂರದ ಊರಿನವು ಒಂದು ಕಡೆ, ಹತ್ತಿರದವು ಒಂದು ಕಡೆ. ಅವನು ಹಳೆಯ ಜಾಗದಲ್ಲಿ ಜೀಪು ನಿಲ್ಲಿಸಿದ್ದೇ ತಡ, ವಿಘ್ನೇಶ ಓಡಿಬಂದು, "ಅಣ್ಣ, ಮರಸಣಿಗೆ ಆಚೆ ಸಾಲು," ಎಂದ.

"ಇದ್ಯಾರು ಮಾಡಿದ್ದು? ಮೊದಲಿದ್ದದ್ದೇ ಸರಿ ಇತ್ತಲ್ಲ?" ಏಕಾಂತಪ್ಪನ ದನಿ ತುಸು ಗಟ್ಟಿಯಾಯಿತು.

ಸುಬ್ಬಣ್ಣ ಕಟ್ಟೆಯ ಮೇಲೆ ಬೀಡಿ ಹಚ್ಚುತ್ತಿದ್ದ. "ಎಲ್ರೂ ಮಾಡಿದ್ದು. ನೀನಿರಲಿಲ್ಲ, ಕೂತು ಮಾತಾಡಿದ್ವಿ. ಈ ಹುಡುಗ ತಿರುವಿನಲ್ಲಿ ಯಾಕೆ ಜನ ಹತ್ತಿಸ್ತಿದ್ದ ಹೇಳು? ಅವ್ನು ಹತ್ತಿರದ ಟ್ರಿಪ್ಪಿನವ. ದೂರದ ಜೀಪು ತುಂಬೋವರೆಗೂ ಹಿಂದೆ ಕಾದು ಅವನ ದಿನವೇ ಮುಗೀತಿತ್ತು. ಅದನ್ನ ಬಾಯಿಬಿಟ್ಟು ಹೇಳೋಕೆ ಅವನಿಗೆ ಹೆದರಿಕೆ."

"ಯಾರ ಹೆದರಿಕೆ?"

ಸುಬ್ಬಣ್ಣ ಬೀಡಿ ಎಳೆದ. "ಸರಿ ಕಾಣ್ದಿದ್ರೆ ಸಂಜೆ ಮಾತಾಡು. ಈಗ ಜೀಪು ತೆಗಿ ಮಾರಾಯ, ಹೊರನಾಡಿನವನಿಗೆ ದಾರಿ ಅಡ್ಡ ಆಗ್ತದೆ."

ಏಕಾಂತಪ್ಪ ಜೀಪು ತೆಗೆದು ಆಚೆ ಸಾಲಿನ ಕೊನೆಗೆ ನಿಲ್ಲಿಸಿದ. ಇಡೀ ದಿನ ಮುಖ ಉಬ್ಬಿಸಿಕೊಂಡೇ ಇದ್ದ. ಸಂಜೆ ಕಟ್ಟೆಯ ಮೇಲೆ ತನ್ನ ತಕರಾರು ಹೇಳಿದ. ಎಲ್ಲರೂ ಪೂರ್ತಿ ಕೇಳಿದರು. ಒಬ್ಬೊಬ್ಬರಾಗಿ, ಇಲ್ಲ ಇದೇ ಚಲೋ ಇದೆ ಎಂದರು. ಮೊದಲ ಸಲ ಅವನ ಮಾತು ಬಿದ್ದುಹೋಯಿತು. ಮನೆಗೆ ಬಂದು ಹೆಂಡತಿಗೆ ಹೇಳಿದಾಗ ಅವಳು ನಗುತ್ತಾಳೆಂದುಕೊಂಡಿದ್ದ. ಅವಳು ಸುಮ್ಮನೆ ಇನ್ನೊಂದು ರೊಟ್ಟಿ ಹಾಕಿ, "ಬೆಂಚು ಖಾಲಿ ಆಯ್ತಲ್ಲ, ಒಳ್ಳೇದಾಯ್ತು," ಎಂದಳು. ಆಗ ಏಕಾಂತಪ್ಪನಿಗೇ ನಗು ಬಂತು.

ಎರಡು ಸಾವಿರದ ನಾಲ್ಕೈದರ ಸುಮಾರಿಗೆ ಆ ಕಡೆಯ ಕಾಡಿನಲ್ಲಿ ನಕ್ಸಲರ ಓಡಾಟದ ಸುದ್ದಿ ಜೋರಾಯಿತು. ಪೊಲೀಸರು ರಸ್ತೆರಸ್ತೆಯಲ್ಲಿ ಜೀಪು ನಿಲ್ಲಿಸಿ ನೋಡುತ್ತಿದ್ದರು. ಯಾರೋ ಏಕಾಂತಪ್ಪನ ಬಗ್ಗೆ ಕಿವಿ ಊದಿದ್ದರು. ಸರ್ಕಾರವೇ ಬೇಡ ಎಂದು ಜೀಪಿನಲ್ಲಿ ಭಾಷಣ ಮಾಡುತ್ತಾನೆ ಎಂದು. ಒಂದು ಮಧ್ಯಾಹ್ನ ಹೊಸದಾಗಿ ಬಂದಿದ್ದ ಇನ್‌ಸ್ಪೆಕ್ಟರ್ ಅವನನ್ನು ಕರೆಸಿದರು.

"ನೀನೇ ಏನು ಜೀಪಿನವರ ಲೀಡರ್ರು?"

"ಲೀಡರ್ ಯಾರೂ ಇಲ್ಲ ಸಾರ್."

"ಲೀಡರ್ ಇಲ್ದೆ ಇಷ್ಟು ಜೀಪು ಲೈನಾಗಿ ನಿಲ್ತಾವಾ? ನನ್ನ ಸ್ಟೇಷನ್ನಿನಲ್ಲೇ ನಿಲ್ಲಲ್ಲ. ಅರಾಜಕ ಅದು ಇದು ಅಂತೀಯಂತೆ. ಕಾಡಿನವರಿಗೂ ನಿನಗೂ ಏನಯ್ಯ ಸಂಬಂಧ?"

ಏಕಾಂತಪ್ಪನ ನಾಲಿಗೆ ತನ್ನ ಪಾಡಿಗೆ ತಾನು ಓಡಿತು. "ಅವರಲ್ಲಿ ಕಮಾಂಡರ್ ಇರ್ತಾನಂತೆ ಸಾರ್. ಅವನ ಮೇಲೆ ಇನ್ನೊಬ್ಬ. ಅವ್ರು ಹೇಳಿದ್ದಕ್ಕೆಲ್ಲ ಹೂಂ ಅನ್ಬೇಕಂತೆ, ಕೈಯಲ್ಲಿ ಬಂದೂಕು ಬೇರೆ. ಛತ್ರಿ ಕೆಳಗೆ ಕೂತ ರುದ್ರಪ್ಪನ ಹತ್ರವೇ ನಂಗೆ ಆಗಲಿಲ್ಲ. ಅವರ ಹತ್ರ ಆಗ್ತದಾ?"

ರುದ್ರಪ್ಪ ಯಾರೆಂದು ಇನ್‌ಸ್ಪೆಕ್ಟರಿಗೆ ಗೊತ್ತಿರಲಿಲ್ಲ. ಪಕ್ಕದಲ್ಲಿ ನಿಂತ ಕಳಸದ ಕಾನ್‌ಸ್ಟೇಬಲ್ಲಿಗೆ ಗೊತ್ತಿತ್ತು, ಅವನು ಮುಖ ಆಚೆ ತಿರುಗಿಸಿಕೊಂಡ. ಅಷ್ಟರಲ್ಲಿ ಹೊರಗೆ ಗದ್ದಲ ಕೇಳಿತು. ಸುಬ್ಬಣ್ಣ, ವಿಘ್ನೇಶ, ಹಿಟ್ಟಿನ ಮೈಯ ಕೆಂಪಯ್ಯ, ಗಣಪಯ್ಯ ಮೇಷ್ಟ್ರು, ಇನ್ನೂ ಹತ್ತಾರು ಜನ ಬಂದು ನಿಂತಿದ್ದರು.

"ನಿಮ್ಮನ್ನೆಲ್ಲ ಯಾರು ಬರೋಕೆ ಹೇಳಿದ್ದು?" ಎಂದು ಇನ್‌ಸ್ಪೆಕ್ಟರ್ ಗದರಿದರು.

ಅವರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. "ಯಾರೂ ಹೇಳ್ಲಿಲ್ಲ ಸಾರ್. ಇವ್ರು ಇನ್ನೂ ಬರ್ಲಿಲ್ಲಲ್ಲ ಅಂತ ಬಂದ್ವಿ," ಎಂದ ವಿಘ್ನೇಶ.

ಗಣಪಯ್ಯನವರು ಕೂತು ಅರ್ಧ ಗಂಟೆ ಮಾತಾಡಿದರು. ಅಷ್ಟೂ ರಾಜ್ಯಶಾಸ್ತ್ರವೇ. ಇನ್‌ಸ್ಪೆಕ್ಟರಿಗೆ ಪದವಿ ಪರೀಕ್ಷೆಯ ನೆನಪಾಯಿತೋ ಏನೋ, ಸಾಕು ಸಾಕು ಎಂದು ಏಕಾಂತಪ್ಪನನ್ನು ಕಳಿಸಿಕೊಟ್ಟರು. ಆದರೆ ಸ್ಟ್ಯಾಂಡಿಗೆ ಏನಾದರೂ ತಿಳಿಸಬೇಕೆಂದರೆ ಒಂದು ಫೋನ್ ನಂಬರಾದರೂ ಬೇಕಲ್ಲ ಎಂದು ಪಟ್ಟುಹಿಡಿದರು. ಎಲ್ಲರೂ ಯೋಚಿಸಿ ಗಿರಣಿಯ ನಂಬರು ಕೊಟ್ಟರು. ಅಲ್ಲಿಂದ ಮುಂದೆ ಸರ್ಕಾರದ ಯಾವುದೇ ಇಲಾಖೆ ಜೀಪಿನವರನ್ನು ಕರೆಯಬೇಕಾದರೂ ಫೋನು ಗಿರಣಿಗೆ ಬರುತ್ತಿತ್ತು. ಕೆಂಪಯ್ಯ ಮೆಷಿನ್ ಸದ್ದಿನಲ್ಲಿ ಅರ್ಧ ಕೇಳಿಸಿಕೊಂಡು, "ಆಯ್ತು ಸಾರ್, ನಾಳೆ ಬನ್ನಿ, ನುಣ್ಣಗೆ ಬೀಸಿಕೊಡ್ತೀನಿ," ಎನ್ನುತ್ತಿದ್ದ.

ಗಣಪಯ್ಯನವರು ಮರುವರ್ಷ ತೀರಿಕೊಂಡರು. ಅವರನ್ನು ಆಸ್ಪತ್ರೆಗೆ ಒಯ್ದದ್ದೂ ತಂದದ್ದೂ ಏಕಾಂತಪ್ಪನ ಜೀಪೇ. ಆಮೇಲೆ ಎಷ್ಟೋ ದಿನ ಅವನು ಮುಂದಿನ ಸೀಟಿನಲ್ಲಿ ಕೂತವರ ಜೊತೆ ಹೆಚ್ಚು ಮಾತಾಡಲಿಲ್ಲ.

ಅದಾಗಿ ಒಂದೆರಡು ಮಳೆಗಾಲ ಕಳೆದಿತ್ತು. ಶ್ರಾವಣ. ಮರುದಿನ ಕಳಸದಲ್ಲೊಂದು ಮದುವೆ. ಅಡುಗೆಯವರು ಹೊರನಾಡಿನ ಕಡೆಯವರು. ಕೊಪ್ಪರಿಗೆ, ಸೌಟು, ಜಾರ, ತುರಿಮಣೆ ಸಮೇತ ಅವರನ್ನು ಕರೆತರಲು ಏಕಾಂತಪ್ಪ ಹೋಗಿದ್ದ. ಮರಳುವಾಗ ಹೆಬ್ಬಾಳೆ ಸೇತುವೆ ಮುಳುಗಿತ್ತು. ಭದ್ರೆ ಕೆಂಪಗೆ, ಸೇತುವೆಯ ಮೇಲೆ ಆಳೆತ್ತರ ಹರಿಯುತ್ತಿದ್ದಳು. ಆಚೆ ದಡದಲ್ಲಿ ಸುಬ್ಬಣ್ಣನ ಜೀಪು ಕಂಡಿತು. ಸುಬ್ಬಣ್ಣ ಕೈಯಲ್ಲಿ ಏನೋ ಸುತ್ತುವ ಸನ್ನೆ ಮಾಡಿದ, ಜೀಪು ತಿರುಗಿಸಿ ಹೊರಟುಹೋದ.

"ಎಂತ ಹೇಳಿದ್ರು ಅವ್ರು?" ಎಂದು ಮುಖ್ಯ ಅಡುಗೆಯವರು ಕೇಳಿದರು.

"ಗೊತ್ತಿಲ್ಲ. ಹಳುವಳ್ಳಿ ಕಡೆಯಿಂದ ಸುತ್ತಿ ಹೋಗೋಣ," ಎಂದ ಏಕಾಂತಪ್ಪ.

ಆ ದಾರಿಯಲ್ಲಿ ಅರ್ಧ ಹೋಗುವಾಗ ರಸ್ತೆಗಡ್ಡ ದೊಡ್ಡ ಮರ ಬಿದ್ದಿತ್ತು. ಏಕಾಂತಪ್ಪ ಇಳಿದು ತಲೆಯ ಮೇಲೆ ಗೋಣಿಕೊಪ್ಪೆ ಹಾಕಿಕೊಂಡು ನೋಡುತ್ತಿದ್ದಾಗ ಮರದ ಆಚೆಯಿಂದ ಹಾರ್ನ್ ಕೇಳಿತು. ಸುಬ್ಬಣ್ಣನ ಜೀಪು, ಹಿಂದೆಯೇ ವಿಘ್ನೇಶನದು. ಹೊರನಾಡಿಗೆ ಹೋಗಬೇಕಾದ ಯಾತ್ರಿಕರು ಅವೆರಡರ ತುಂಬ. ಗರಗಸವೂ ಹಗ್ಗವೂ ಇದ್ದವು, ಆದರೆ ಆ ಮರ ಗರಗಸಕ್ಕೆ ಬಗ್ಗುವಂತಿರಲಿಲ್ಲ.

ಮೊದಲು ಯಾರು ಶುರುಮಾಡಿದರೋ ಗೊತ್ತಿಲ್ಲ. ಮುಖ್ಯ ಅಡುಗೆಯವರು ಒಂದು ಕೊಪ್ಪರಿಗೆ ಎತ್ತಿ ಮರದ ಮೇಲಿಟ್ಟರು, ಆಚೆಯಿಂದ ಒಬ್ಬ ಯಾತ್ರಿಕ ಹಿಡಿದುಕೊಂಡ. ಮತ್ತೆ ಸೌಟುಗಳ ಕಟ್ಟು, ತುರಿಮಣೆ, ಬಾಣಲೆ. ವಿಘ್ನೇಶ ಕಾಂಡದ ಮೇಲೆ ಹತ್ತಿ ನಿಂತು ಕೈ ಕೊಟ್ಟ. ಅಡುಗೆಯವರು ಆಚೆ ದಾಟಿದರು, ಯಾತ್ರಿಕರು ಈಚೆ. ಒಬ್ಬರು ಸೀರೆ ಎತ್ತಿಕೊಂಡು ಮರದ ಮೇಲೆ ಕುದುರೆ ಸವಾರಿಯಂತೆ ಕೂತು ಜಾರಿದರು, ಎಲ್ಲರೂ ನಕ್ಕರು. ಬಯಲುಸೀಮೆಯ ಒಬ್ಬ ಯಜಮಾನರು ನೆನೆದು ತೊಪ್ಪೆಯಾಗಿ, "ಇದನ್ನೆಲ್ಲ ನೋಡಿಕೊಳ್ಳೋರು ಯಾರ್ರೀ ಇಲ್ಲಿ?" ಎಂದು ಕೇಳುತ್ತಲೇ ಇದ್ದರು. ಏಕಾಂತಪ್ಪ ಅವರ ಕೈಗೊಂದು ಕೊಪ್ಪರಿಗೆಯ ಕಿವಿ ಕೊಟ್ಟು, "ಹಿಡ್ಕಳಿ ಸಾರ್, ಜಾರ್ತದೆ," ಎಂದ. ಯಜಮಾನರು ಹಿಡಿದುಕೊಂಡರು.

ಅಡುಗೆಯವರನ್ನು ಹೇರಿಕೊಂಡು ಆ ಎರಡು ಜೀಪು ಕಳಸಕ್ಕೆ ಹೋದವು. ಏಕಾಂತಪ್ಪ ಅವರ ಯಾತ್ರಿಕರನ್ನೆಲ್ಲ ತನ್ನೊಂದೇ ಜೀಪಿನಲ್ಲಿ ತುಂಬಿಕೊಂಡ. ಯಜಮಾನರು ಮುಂದಿನ ಸೀಟಿನಲ್ಲಿ ಕೂತು ಗೇರಿಗೆ ಅಡ್ಡವಾದ ಕಾಲು ಸರಿಸಿಕೊಂಡರು. ನಿಮ್ಮ ಊರು ಯಾವುದು, ಮಳೆ ಹೇಗೆ ಎಂದು ಏಕಾಂತಪ್ಪ ಮಾತಿಗೆ ಶುರುಮಾಡಿದ. ಹೊರನಾಡು ಸೇರುವಾಗ ದೇವಸ್ಥಾನದಲ್ಲಿ ಊಟದ ಗಂಟೆ ಹೊಡೆಯುತ್ತಿತ್ತು. ಸೇತುವೆಯ ನೀರು ಇಳಿಯುವುದು ನಾಳೆಯೇ. ಅವನು ಗೋಣಿಕೊಪ್ಪೆ ಕೊಡವಿ ಜೀಪಿನ ಮೇಲೆ ಹಾಕಿ, ಕಾಲು ತೊಳೆದುಕೊಂಡು, ಊಟದ ಸಾಲು ಹಿಡಿದು ಒಳಗೆ ಹೋದ ಜನರ ಜೊತೆ ನಡೆದ.